ಹಿಂಬರಹಕ್ಕೆ ಮೊದಲು ಒಂದು ನೋಟಿಸ್

ಬಿಹಾರದ ಸಣ್ಣ ಹಳ್ಳಿಯ ಯುವಕನೊಬ್ಬ 2017ರಲ್ಲಿ ಪೊಲೀಸ್ ಕಾನ್‌ಸ್ಟೆಬಲ್ ಹುದ್ದೆಗೆ ಅರ್ಜಿ ಹಾಕಿದ. ಆನ್‌ಲೈನ್ ಅರ್ಜಿಯಾದ್ದರಿಂದ ಸೈಬರ್ ಕೆಫೆಗೆ ಹೋಗಿ ತುಂಬಿಸಿಕೊಂಡು ಬಂದ. ಲಿಖಿತ ಪರೀಕ್ಷೆ ಪಾಸಾಯಿತು, ದೈಹಿಕ ಪರೀಕ್ಷೆಯೂ ಮುಗಿಯಿತು, ದಾಖಲೆ ಪರಿಶೀಲನೆಗೆ ಅಂಕಪಟ್ಟಿ ಹಿಡಿದು ನಿಂತ. 2018ರಲ್ಲಿ ಫಲಿತಾಂಶ ಬಂದಾಗ ಅವನ ಹೆಸರಿನ ಮುಂದೆ ಅನುತ್ತೀರ್ಣ ಎಂದಿತ್ತು. ಅಂಕ ಕಡಿಮೆಯಾಗಿರಲಿಲ್ಲ, ಓಟದಲ್ಲೂ ಸೋತಿರಲಿಲ್ಲ. ಅಂಕಪಟ್ಟಿಯಲ್ಲಿ ಅವನ ಜನ್ಮದಿನಾಂಕ 1997ರ ಡಿಸೆಂಬರ್ 18 ಎಂದಿದ್ದರೆ ಅರ್ಜಿಯಲ್ಲಿ ಡಿಸೆಂಬರ್ 8 ಎಂದು ಬಿದ್ದಿತ್ತು.

ಎರಡರಲ್ಲಿ ಯಾವ ದಿನಾಂಕ ಹಿಡಿದರೂ ಅವನ ವಯಸ್ಸು ಮಿತಿಯೊಳಗೇ ಇತ್ತು. ತಪ್ಪಿನಿಂದ ಅವನಿಗೆ ಒಂದು ಕಾಸಿನ ಲಾಭವಿರಲಿಲ್ಲ. ಸರಿಯಾದ ದಿನಾಂಕದ ಅಂಕಪಟ್ಟಿಯನ್ನು ತಾನೇ ಕೈಯಾರೆ ಕೊಟ್ಟಿದ್ದ. ಆದರೂ ಪಟ್ನಾ ಹೈಕೋರ್ಟಿನ ಏಕಸದಸ್ಯ ಪೀಠ ಅವನ ಅರ್ಜಿಯನ್ನು ವಜಾ ಮಾಡಿತು, ವಿಭಾಗೀಯ ಪೀಠವೂ ಅದನ್ನೇ ಎತ್ತಿಹಿಡಿಯಿತು. ಕೊನೆಗೆ 2024ರ ಜನವರಿ 2ರಂದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಜೆ.ಕೆ. ಮಾಹೇಶ್ವರಿ ಮತ್ತು ಕೆ.ವಿ. ವಿಶ್ವನಾಥನ್ ಅವರ ಪೀಠ ಇದು ಕ್ಷುಲ್ಲಕ ತಪ್ಪು, ಕಾನೂನು ಇಂಥದ್ದರ ಬೆನ್ನು ಹತ್ತುವುದಿಲ್ಲ ಎಂದು ಹೇಳಿ, ಅವನನ್ನು ಉತ್ತೀರ್ಣನೆಂದೇ ಪರಿಗಣಿಸಿ ಹುದ್ದೆ ಕೊಡಲು ಆದೇಶಿಸಿತು. ಒಂದು ಅಂಕಿ ತಿದ್ದಿಸಿಕೊಳ್ಳಲು ಆರು ವರ್ಷ, ಮೂರು ಪೀಠ.

ಈ ತೀರ್ಪನ್ನು ಓದಿ ಸಮಾಧಾನಪಡುವ ಮೊದಲು ಇದೇ ಇಬ್ಬರು ನ್ಯಾಯಮೂರ್ತಿಗಳು ಅದಕ್ಕೂ ಎರಡೂವರೆ ತಿಂಗಳ ಮುಂಚೆ, 2023ರ ಅಕ್ಟೋಬರ್ 18ರಂದು, ಕೊಟ್ಟ ಇನ್ನೊಂದು ತೀರ್ಪನ್ನೂ ಓದಬೇಕು. ಅದು 2022ರ ನಾಗರಿಕ ಸೇವಾ ಪರೀಕ್ಷೆಯ ವಿಷಯ. ಆರ್ಥಿಕವಾಗಿ ಹಿಂದುಳಿದವರ ಕೋಟಾದಲ್ಲಿ ಬರೆದಿದ್ದ ಕೆಲವರ ಬಳಿ 2022ರ ಫೆಬ್ರುವರಿ 22ರೊಳಗೆ ನಿಗದಿತ ನಮೂನೆಯ ಆದಾಯ ಮತ್ತು ಆಸ್ತಿ ಪ್ರಮಾಣಪತ್ರ ಇರಲಿಲ್ಲ. ಬಡತನ ಇತ್ತು, ಅದನ್ನು ಹೇಳುವ ಕಾಗದ ಆ ದಿನಕ್ಕೆ ಆ ರೂಪದಲ್ಲಿ ಇರಲಿಲ್ಲ ಎಂಬುದು ಅವರ ವಾದ. ನ್ಯಾಯಾಲಯ ಒಪ್ಪಲಿಲ್ಲ. ಈ ಕೋಟಾದಲ್ಲಿ ಪ್ರಮಾಣಪತ್ರವೇ ಅರ್ಹತೆಯ ಭಾಗ, ಕೊನೆಯ ದಿನಕ್ಕೆ ಅದು ಕೈಯಲ್ಲಿರಲೇಬೇಕು ಎಂದಿತು. ಆ ಕೋಟಾದ ಬಾಗಿಲು ಅವರಿಗೆ ಅಲ್ಲಿಗೆ ಮುಚ್ಚಿತು.

ಎರಡೂ ತೀರ್ಪುಗಳಿಗೆ ತಮ್ಮದೇ ಆದ ಕಾನೂನಿನ ತರ್ಕವಿದೆ. ಆದರೆ ಹೊರಗೆ ನಿಂತು ಕಾಯುವ ಅರ್ಜಿದಾರನಿಗೆ ಅದು ಕಾಣುವುದಿಲ್ಲ. ಅವನಿಗೆ ಕಾಣುವುದು ಇಷ್ಟೇ: ಅರ್ಜಿ ಹೋಯಿತು, ಏನೋ ಒಂದು ಕೊರತೆಯಾಯಿತು, ಯಾರೂ ಹೇಳಲಿಲ್ಲ, ಕೊನೆಗೆ ತಿರಸ್ಕಾರ ಬಂತು. ಕೊರತೆ ಏನೆಂದು ಮೊದಲೇ ಒಂದು ಸಾಲು ಬರೆದು ತಿಳಿಸಿದ್ದರೆ ಬಿಹಾರದ ಆ ಯುವಕ ಮರುದಿನವೇ ಬಂದು ತಿದ್ದಿ ಹೋಗುತ್ತಿದ್ದ. ನಮ್ಮ ಸರ್ಕಾರಿ ವ್ಯವಸ್ಥೆಯಲ್ಲಿ ಕಾಣೆಯಾಗಿರುವುದು ಆ ಒಂದು ಸಾಲು.

ಅರ್ಹತೆ ಬೇರೆ, ಅರ್ಹತೆಯ ಪುರಾವೆ ಬೇರೆ ಎಂಬ ಮಾತನ್ನು ನಮ್ಮ ನ್ಯಾಯಾಂಗ ಹೇಳಿ ನಾಲ್ಕು ದಶಕಗಳೇ ಕಳೆದಿವೆ. ಕೇರಳದ ಸ್ನಾತಕೋತ್ತರ ವೈದ್ಯಕೀಯ ಸೀಟುಗಳ ಪ್ರಕರಣದಲ್ಲಿ, ಡಿಪ್ಲೊಮಾ ಮಾಡಿದವರಿಗೆ ಶೇ 10ರಷ್ಟು ಹೆಚ್ಚುವರಿ ಅಂಕ ಕೊಡುವ ನಿಯಮವಿತ್ತು. ಕೆಲವರು ಡಿಪ್ಲೊಮಾ ಪಾಸಾಗಿದ್ದರೂ ಪ್ರಮಾಣಪತ್ರವನ್ನು ಅರ್ಜಿಗೆ ಲಗತ್ತಿಸಲು ಆಗಿರಲಿಲ್ಲ. 1980ರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣಯ್ಯರ್ ಬರೆದ ತೀರ್ಪಿನ ತಿರುಳು ಸರಳವಾದದ್ದು. ಡಿಪ್ಲೊಮಾ ಪಡೆದಿರಲೇಬೇಕು, ಅದು ಕಡ್ಡಾಯ. ಕಾಗದ ಸ್ವಲ್ಪ ತಡವಾಗಿ ಬಂದರೂ ಆಯ್ಕೆಗೆ ಮುಂಚೆ ಬಂದರೆ ಸಾಕು. ಪುರಾವೆಯ ವಿಧಾನವನ್ನೇ ಅರ್ಹತೆ ಎಂದು ತಿಳಿದರೆ ಮೂಲ ಉದ್ದೇಶವೇ ಸತ್ತುಹೋಗುತ್ತದೆ.

ಆ ಎಳೆ ಹಾಗೇ ಮುಂದುವರಿಯಿತು. ಒಡಿಶಾದ ಹುಡುಗಿಯೊಬ್ಬಳ ತಂದೆ ಸೇನೆಯಲ್ಲಿದ್ದಾಗ ಅಂಗವಿಕಲರಾದವರು. ಅಂಥ ಮಾಜಿ ಸೈನಿಕರ ಮಕ್ಕಳಿಗೆ ವೈದ್ಯಕೀಯ ಸೀಟಿನಲ್ಲಿ ಮೀಸಲಾತಿ ಇತ್ತು. ಆದರೆ ಸೈನಿಕ ಮಂಡಳಿ ಕೊಟ್ಟ ಪ್ರಮಾಣಪತ್ರದಲ್ಲೇ ತಪ್ಪಿತ್ತು. ತಪ್ಪು ಮಾಡಿದ್ದು ಕಚೇರಿ, ಸೀಟು ಕಳೆದುಕೊಂಡಿದ್ದು ಹುಡುಗಿ. 2004ರಲ್ಲಿ ಸುಪ್ರೀಂ ಕೋರ್ಟ್ ಅವಳ ಕೈ ಹಿಡಿಯಿತು. ಪುರಾವೆ ಸಲ್ಲಿಕೆಯ ನಿಯಮದಲ್ಲಿ ಸ್ವಲ್ಪ ಹೆಚ್ಚುಕಡಿಮೆಯಾದ ಮಾತ್ರಕ್ಕೆ ಅರ್ಜಿಯನ್ನೇ ಎಸೆಯಬೇಕಿಲ್ಲ ಎಂದಿತು. 2016ರಲ್ಲಿ, ಕರ್ನಾಟಕದವರೇ ಆದ ನ್ಯಾಯಮೂರ್ತಿ ವಿ. ಗೋಪಾಲಗೌಡ ಅವರಿದ್ದ ಪೀಠ ದೆಹಲಿಯ ಸ್ಟಾಫ್ ನರ್ಸ್ ಹುದ್ದೆಯ ಪ್ರಕರಣದಲ್ಲಿ, ಕೊನೆಯ ದಿನಾಂಕದ ನಂತರ ಕೊಟ್ಟ ಹಿಂದುಳಿದ ವರ್ಗದ ಪ್ರಮಾಣಪತ್ರವನ್ನು ಒಪ್ಪಿಕೊಳ್ಳಲು ಹೇಳಿತು. ಜಾತಿ ಎಂಬುದು ಹುಟ್ಟಿನಿಂದ ಬಂದದ್ದು, ತಹಶೀಲ್ದಾರರು ಸಹಿ ಹಾಕಿದ ದಿನ ಹುಟ್ಟುವುದಲ್ಲವಲ್ಲ. ಆದರೆ ಆ ಹುದ್ದೆಯ ಜಾಹೀರಾತು ಬಂದದ್ದು 2007ರಲ್ಲಿ. ಒಂಬತ್ತು ವರ್ಷದಲ್ಲಿ ಒಬ್ಬ ನರ್ಸ್ ಎಷ್ಟು ರೋಗಿಗಳ ಆರೈಕೆ ಮಾಡಬಹುದಿತ್ತು!

ಇನ್ನೊಂದು ಎಳೆಯೂ ಇದೆ. ಅಸ್ಸಾಂ ನಾಗರಿಕ ಸೇವೆಯ ಪ್ರಕರಣದಲ್ಲಿ ಅಂಗವಿಕಲ ಅಭ್ಯರ್ಥಿಯೊಬ್ಬರು ಗುರುತಿನ ಚೀಟಿಯನ್ನು ತಡವಾಗಿ ಕೊಟ್ಟಿದ್ದರು. 2011ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ನಿಯಮದಲ್ಲಾಗಲಿ ಜಾಹೀರಾತಿನಲ್ಲಾಗಲಿ ಸಡಿಲಿಕೆಯ ಅಧಿಕಾರ ಇಟ್ಟುಕೊಂಡಿಲ್ಲದಿದ್ದರೆ ಒಬ್ಬರಿಗಾಗಿ ಷರತ್ತು ಸಡಿಲಿಸುವಂತಿಲ್ಲ, ಹಾಗೆ ಮಾಡಿದರೆ ಷರತ್ತು ನೋಡಿ ಅರ್ಜಿಯನ್ನೇ ಹಾಕದೆ ಸುಮ್ಮನಿದ್ದವರಿಗೆ ಅನ್ಯಾಯವಾಗುತ್ತದೆ ಎಂದಿತು.

ಹೀಗೆ ಎರಡು ಎಳೆಯ ತೀರ್ಪುಗಳು ಅಕ್ಕಪಕ್ಕ ಇವೆ. ವಕೀಲರು ತಮ್ಮ ಕಕ್ಷಿದಾರನಿಗೆ ಬೇಕಾದ್ದನ್ನು ಉಲ್ಲೇಖಿಸುತ್ತಾರೆ. ಸರ್ಕಾರಿ ವಕೀಲರು ಮತ್ತೊಂದನ್ನು ಎತ್ತುತ್ತಾರೆ. ಯಾವುದು ಗೆಲ್ಲುತ್ತದೆ ಎಂಬುದು ಮೊದಲೇ ಗೊತ್ತಿಲ್ಲದ ಕಡೆ ಬಡವ ಕೋರ್ಟಿನ ಮೆಟ್ಟಿಲು ಹತ್ತುವ ಧೈರ್ಯ ಮಾಡುವುದಿಲ್ಲ.

ಕರ್ನಾಟಕದಲ್ಲಿ ಈ ಕಾಗದಗಳ ಪಡಿಪಾಟಲು ಯಾರಿಗೂ ಹೊಸದಲ್ಲ. ಕೊನೆಯ ದಿನದ ಸಂಜೆ ಯಾವುದೇ ತಾಲ್ಲೂಕು ಕೇಂದ್ರದ ಸೈಬರ್ ಸೆಂಟರಿನ ಮುಂದೆ ನಿಂತು ನೋಡಿದರೆ ಸಾಕು. ಒಳಗೆ ಮೂರು ಕಂಪ್ಯೂಟರ್, ಹೊರಗೆ ಮೂವತ್ತು ಜನ. ಪ್ಲಾಸ್ಟಿಕ್ ಕವರಿನೊಳಗಿಂದ ಅಂಕಪಟ್ಟಿ ತೆಗೆದು ಸ್ಕ್ಯಾನರ್ ಮೇಲಿಟ್ಟರೆ ಫೈಲಿನ ಗಾತ್ರ ಜಾಸ್ತಿಯಾಯಿತೆಂದು ಕಂಪ್ಯೂಟರ್ ತಳ್ಳುತ್ತದೆ. ಕುಗ್ಗಿಸಿದರೆ ಅಕ್ಷರ ಮಸುಕು. ಓಟಿಪಿ ಹೋಗಿದ್ದು ಊರಲ್ಲಿರುವ ಅಣ್ಣನ ಫೋನಿಗೆ, ಅಣ್ಣ ಹೊಲದಲ್ಲಿದ್ದಾನೆ. ಈ ನಡುವೆ ಸೆಂಟರಿನ ಹುಡುಗ ಪರದೆಯಿಂದ ಕಣ್ಣು ತೆಗೆಯದೆ ಕೇಳುತ್ತಾನೆ: “ಅಕ್ಕಾ, ಗ್ರಾಮೀಣ ಯೆಸ್ ಹಾಕ್ಲಾ, ನೋ ಹಾಕ್ಲಾ?” ಆ ಅಕ್ಕ ಒಂದರಿಂದ ಹತ್ತನೇ ತರಗತಿವರೆಗೆ ಹಳ್ಳಿ ಶಾಲೆಯಲ್ಲೇ ಓದಿದವಳು. ಹುದ್ದೆಗಳಲ್ಲಿ ಶೇ 25ರಷ್ಟು ಗ್ರಾಮೀಣ ಅಭ್ಯರ್ಥಿಗಳಿಗೆ ಮೀಸಲು. ಆದರೆ ಆ ಪ್ರಮಾಣಪತ್ರಕ್ಕೆ ಮುಖ್ಯೋಪಾಧ್ಯಾಯರ ಸಹಿ ಬೇಕು, ಅದರ ಮೇಲೆ ಕ್ಷೇತ್ರ ಶಿಕ್ಷಣಾಧಿಕಾರಿಯ ಮೇಲುರುಜು ಬೇಕು. ಅವಳ ಬಳಿ ಮೊದಲನೆಯದು ಇದೆ, ಎರಡನೆಯದು ಇಲ್ಲ. ಒಂದು ಕ್ಷಣ ತಡವರಿಸುತ್ತಾಳೆ. ಹಿಂದಿದ್ದವರು ಬೇಗ ಬೇಗ ಎನ್ನುತ್ತಾರೆ. ಹುಡುಗ ಒಂದು ಗುಂಡಿ ಒತ್ತುತ್ತಾನೆ.

ಆ ಒಂದು ಒತ್ತಿಗೆ ಅವಳ ಹತ್ತು ವರ್ಷದ ಹಳ್ಳಿ ಶಾಲೆ ಇದ್ದೂ ಇಲ್ಲದಂತಾಗಬಹುದು.

ಇದೊಂದೇ ಅಲ್ಲ. ಕನ್ನಡ ಮಾಧ್ಯಮದ ಪ್ರಮಾಣಪತ್ರ ಬೇರೆ, ಕಲ್ಯಾಣ ಕರ್ನಾಟಕದವರಿಗೆ ಸಂವಿಧಾನದ 371(ಜೆ) ವಿಧಿಯಡಿ ಉಪವಿಭಾಗಾಧಿಕಾರಿ ಕೊಡುವ ಅರ್ಹತಾ ಪತ್ರ ಬೇರೆ, ನಾಡಕಚೇರಿಯ ಜಾತಿ-ಆದಾಯ ಪತ್ರ ಬೇರೆ. ಪ್ರವರ್ಗ 2ಎ, 2ಬಿ, 3ಎ, 3ಬಿಯವರ ಪತ್ರಕ್ಕೆ ಐದು ವರ್ಷದ ಆಯುಷ್ಯ. ಅಧಿಸೂಚನೆ ಬಂದ ತಿಂಗಳಲ್ಲೇ ಅವಧಿ ಮುಗಿದಿದ್ದರೆ ಮತ್ತೆ ಅರ್ಜಿ, ಮತ್ತೆ ಗ್ರಾಮ ಆಡಳಿತಾಧಿಕಾರಿಯ ವರದಿ, ಮತ್ತೆ ಕಾಯುವಿಕೆ. ಈ ಪ್ರತಿಯೊಂದು ಕಾಗದವನ್ನೂ ಕೊಡುವುದು ಸರ್ಕಾರ, ಕೇಳುವುದೂ ಸರ್ಕಾರ. ಒಂದು ಇಲಾಖೆ ಕೊಡುವುದು ತಡ ಮಾಡಿದರೆ ಇನ್ನೊಂದು ಇಲಾಖೆ ಅದೇ ತಡಕ್ಕೆ ಶಿಕ್ಷೆ ಕೊಡುತ್ತದೆ. ಶಿಕ್ಷೆ ಬೀಳುವುದು ಮಾತ್ರ ಎರಡೂ ಇಲಾಖೆಯವನಲ್ಲದ ಮೂರನೆಯವನ ಮೇಲೆ.

2022ರಲ್ಲಿ ರಾಜ್ಯದಲ್ಲಿ ನಡೆದ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ಇದಕ್ಕೆ ದೊಡ್ಡ ಉದಾಹರಣೆ. ಮದುವೆಯಾಗಿದ್ದ ಹಲವು ಅಭ್ಯರ್ಥಿನಿಯರು ತಂದೆಯ ಕಡೆಯ ಜಾತಿ-ಆದಾಯ ಪ್ರಮಾಣಪತ್ರ ಕೊಟ್ಟಿದ್ದರು. ಕೊಡಬೇಕಾಗಿದ್ದು ಗಂಡನ ಆದಾಯದ್ದು ಎಂದು ಅವರನ್ನು ಹಿಂದುಳಿದ ವರ್ಗದ ಪಟ್ಟಿಯಿಂದ ತೆಗೆದು ಸಾಮಾನ್ಯ ಪಟ್ಟಿಗೆ ಸರಿಸಲಾಯಿತು. ಅಲ್ಲಿ ಕಟ್‌ಆಫ್ ಮೇಲಿದ್ದುದರಿಂದ ಅವಕಾಶ ಕೈತಪ್ಪಿತು. 2023ರ ಜನವರಿಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಅವರ ಪರವಾಗಿ ತೀರ್ಪು ಕೊಟ್ಟು ತಾತ್ಕಾಲಿಕ ಆಯ್ಕೆ ಪಟ್ಟಿಯನ್ನೇ ರದ್ದು ಮಾಡಿತು. ಅದೇ ವರ್ಷ ಅಕ್ಟೋಬರಿನಲ್ಲಿ ವಿಭಾಗೀಯ ಪೀಠ ಆ ತೀರ್ಪನ್ನು ಬದಿಗಿರಿಸಿತು. ಸೇವಾ ವಿಷಯವಾದ್ದರಿಂದ ಮೊದಲು ಹೋಗಬೇಕಾದದ್ದು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಎಂದು ಹೇಳಿತು. ತಿಂಗಳುಗಟ್ಟಲೆ ಹೋರಾಡಿದ ಮೇಲೆ ತಟ್ಟಿದ್ದೇ ಬೇರೆ ಬಾಗಿಲು ಎಂದಾಯಿತು. ಅತ್ತ ಆಯ್ಕೆಯಾಗಿ ನೇಮಕಾತಿ ಆದೇಶಕ್ಕೆ ಕಾಯುತ್ತಿದ್ದ ಸಾವಿರಾರು ಮಂದಿಯೂ ನಡುನೀರಿನಲ್ಲಿ, ಇತ್ತ ಶಿಕ್ಷಕರಿಲ್ಲದೆ ಶಾಲೆಗಳೂ ಹಾಗೇ. ತಂದೆಯದೋ ಗಂಡನದೋ ಎಂಬ ಪ್ರಶ್ನೆಗೆ ಅರ್ಜಿ ಕರೆಯುವ ಮುಂಚೆಯೇ ಎಲ್ಲರಿಗೂ ಅರ್ಥವಾಗುವ ಹಾಗೆ ಉತ್ತರ ಕೊಟ್ಟು, ತಪ್ಪು ಪತ್ರ ಕೊಟ್ಟವರಿಗೆ ಹದಿನೈದು ದಿನದಲ್ಲಿ ಸರಿಯಾದದ್ದನ್ನು ತನ್ನಿ ಎಂದು ಹೇಳಿದ್ದರೆ ಇಷ್ಟು ದೂರ ಬರುತ್ತಲೇ ಇರಲಿಲ್ಲ.

ಕಚೇರಿಯ ಕಡೆಯಿಂದಲೂ ನೋಡಬೇಕು. ಮೇಜಿನ ಮೇಲೆ ನೂರಾರು ಕಡತ ಹೊತ್ತ ವಿಷಯ ನಿರ್ವಾಹಕನಿಗೆ ತಿರಸ್ಕರಿಸುವುದು ಸುಲಭ, ಸುರಕ್ಷಿತ ಕೂಡ. ಕೊರತೆಯಿದ್ದ ಅರ್ಜಿಯನ್ನು ಒಪ್ಪಿದರೆ ನಾಳೆ ಲೆಕ್ಕ ಪರಿಶೋಧನೆಯಲ್ಲಿ ಆಕ್ಷೇಪ ಬಂದೀತು, ವಿಚಾರಣೆಯಾದೀತು. ತಿರಸ್ಕರಿಸಿದರೆ ಯಾರೂ ಕೇಳುವುದಿಲ್ಲ. ಸರ್ಕಾರಿ ಸೇವೆಯನ್ನು ಗಡುವಿನೊಳಗೆ ಕೊಡಬೇಕೆನ್ನುವ ಸಕಾಲ ಯೋಜನೆ 2012ರಲ್ಲಿ ರಾಜ್ಯದಾದ್ಯಂತ ಬಂದಾಗ ತಡಕ್ಕೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಪರಿಹಾರ ಎಂದು ಕಾನೂನಿನಲ್ಲೇ ಬರೆಯಲಾಯಿತು. ಒಳ್ಳೆಯ ಕಾನೂನು, ಅನೇಕರಿಗೆ ಉಪಕಾರವಾಗಿದೆ. ಆದರೆ ಲೆಕ್ಕದಲ್ಲಿ ತಿರಸ್ಕಾರವೂ ಒಂದು ವಿಲೇವಾರಿಯೇ. ಗಡುವಿನೊಳಗೆ ಕೊಟ್ಟ ಹಿಂಬರಹಕ್ಕೆ ದಂಡವಿಲ್ಲ. ತಡ ಮಾಡಿದವನನ್ನು ಕೇಳುವ ವ್ಯವಸ್ಥೆ ಅವಸರದಲ್ಲಿ ತಳ್ಳಿದವನನ್ನು ಕೇಳುವುದಿಲ್ಲ.

ಕಾಗದದ ಕೊರತೆಯನ್ನು ಸರಿಪಡಿಸಿಕೊಳ್ಳಲು ಅವಕಾಶ ಕೊಡುವುದು ನಮ್ಮ ಕಾನೂನಿಗೆ ಗೊತ್ತಿಲ್ಲದ ವಿದ್ಯೆಯೇನಲ್ಲ. ಯಾರಿಗೆ ಕೊಟ್ಟಿದೆ ಎಂದು ನೋಡಿದರೆ ಎದೆ ಭಾರವಾಗುತ್ತದೆ.

ಚುನಾವಣೆಗೆ ನಿಲ್ಲುವವರ ನಾಮಪತ್ರ ನೋಡಿ. 1951ರ ಪ್ರಜಾಪ್ರತಿನಿಧಿ ಕಾಯ್ದೆಯ 36(4)ನೇ ಸೆಕ್ಷನ್ ಪ್ರಕಾರ ಗಣನೀಯವಲ್ಲದ ದೋಷಕ್ಕಾಗಿ ಯಾವ ನಾಮಪತ್ರವನ್ನೂ ಚುನಾವಣಾಧಿಕಾರಿ ತಿರಸ್ಕರಿಸುವಂತಿಲ್ಲ. ಆಸ್ತಿ, ಕ್ರಿಮಿನಲ್ ಪ್ರಕರಣಗಳ ಅಫಿಡವಿಟ್ಟಿನಲ್ಲಿ ಅಂಕಣಗಳನ್ನು ಖಾಲಿ ಬಿಟ್ಟವರ ವಿಷಯ 2013ರಲ್ಲಿ ಸುಪ್ರೀಂ ಕೋರ್ಟಿಗೆ ಬಂತು. ಖಾಲಿ ಬಿಡುವುದು ಮತದಾರನ ತಿಳಿಯುವ ಹಕ್ಕಿಗೆ ಧಕ್ಕೆ ಎಂದು ನ್ಯಾಯಾಲಯ ಖಂಡಿತವಾಗಿ ಹೇಳಿತು. ಆದರೂ ಮೊದಲು ಚುನಾವಣಾಧಿಕಾರಿ ಅಭ್ಯರ್ಥಿಗೆ ನೆನಪಿಸಬೇಕು, ತುಂಬಲು ಹೇಳಬೇಕು, ಆಮೇಲೂ ತುಂಬದಿದ್ದರೆ ಮಾತ್ರ ತಿರಸ್ಕರಿಸಬಹುದು ಎಂದಿತು. ಶಾಸಕನಾಗಬೇಕೆನ್ನುವವನಿಗೆ ನೆನಪೋಲೆ ಸಿಗುತ್ತದೆ. ಶಾಲಾ ಶಿಕ್ಷಕಿಯಾಗಬೇಕೆನ್ನುವವಳಿಗೆ ಯಾಕಿಲ್ಲ?

ಗುತ್ತಿಗೆದಾರರಿಗೂ ಇದೆ. ವಾರಾಣಸಿಯ ಡೀಸೆಲ್ ಲೋಕೋಮೋಟಿವ್ ವರ್ಕ್ಸ್ ಕರೆದ ಟೆಂಡರಿನಲ್ಲಿ ಠೇವಣಿಯನ್ನು ನಗದಾಗಿ ಅಥವಾ ಸ್ಟೇಟ್ ಬ್ಯಾಂಕಿನ ಡ್ರಾಫ್ಟಿನಲ್ಲಿ ಕೊಡಬೇಕೆಂದಿತ್ತು. ಒಬ್ಬ ಗುತ್ತಿಗೆದಾರ ಯೂನಿಯನ್ ಬ್ಯಾಂಕಿನ ಚೆಕ್ ಕೊಟ್ಟಿದ್ದ. 1991ರಲ್ಲಿ ಸುಪ್ರೀಂ ಕೋರ್ಟ್ ಷರತ್ತುಗಳಲ್ಲಿ ಮೂಲಭೂತವಾದವು, ಪೂರಕವಾದವು ಎಂದು ಎರಡು ಬಗೆಯಿದೆ, ಪೂರಕವಾದುದನ್ನು ಅಧಿಕಾರಿ ಸಡಿಲಿಸಬಹುದು ಎಂದು ಆ ಟೆಂಡರನ್ನು ಉಳಿಸಿತು. ತೆರಿಗೆದಾರರಿಗೂ ಇದೆ. 1961ರ ಆದಾಯ ತೆರಿಗೆ ಕಾಯ್ದೆಯ 139(9)ನೇ ಸೆಕ್ಷನ್, ರಿಟರ್ನ್‌ನಲ್ಲಿ ದೋಷ ಕಂಡರೆ ಅಧಿಕಾರಿ ತಿಳಿಸಿ 15 ದಿನ ಕಾಲಾವಕಾಶ ಕೊಡುವ ವ್ಯವಸ್ಥೆ ಮಾಡಿತು.

ಎಲ್ಲಕ್ಕಿಂತ ಹತ್ತಿರದ ಉದಾಹರಣೆ ನ್ಯಾಯಾಲಯದ್ದೇ. ಅಪೂರ್ಣ ದಾಖಲೆಯ ಕಾರಣಕ್ಕೆ ಅರ್ಜಿ ಕಳೆದುಕೊಂಡವನು ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿದ ಎನ್ನೋಣ. ಅರ್ಜಿ ರಿಜಿಸ್ಟ್ರಿಗೆ ಹೋಗುತ್ತದೆ. ಅಲ್ಲಿ ಪುಟ ತಿರುವಿ ನೋಡುತ್ತಾರೆ. ಒಂದು ಅನುಬಂಧದ ನಕಲು ಮಸುಕಾಗಿದೆ, ಕನ್ನಡದ ದಾಖಲೆಗೆ ಅನುವಾದ ಲಗತ್ತಾಗಿಲ್ಲ, ಕೋರ್ಟ್ ಶುಲ್ಕ ಕಡಿಮೆಯಾಗಿದೆ. ಅರ್ಜಿಯನ್ನು ಎಸೆಯುವುದಿಲ್ಲ. ಇಂತಿಂಥ ಪುಟದಲ್ಲಿ ಇಂತಿಂಥ ಕೊರತೆ ಎಂದು ಒಂದು ಹಾಳೆಯಲ್ಲಿ ಬರೆದು ಕಚೇರಿ ಆಕ್ಷೇಪಣೆ ಎಂದು ಹಚ್ಚುತ್ತಾರೆ. ವಕೀಲರ ಗುಮಾಸ್ತ ಬಂದು ಮಸುಕಾದ ಹಾಳೆ ತೆಗೆದು ಟೈಪು ಮಾಡಿದ ಪ್ರತಿ ಸೇರಿಸುತ್ತಾನೆ, ಶುಲ್ಕ ತುಂಬುತ್ತಾನೆ. ಆಗದಿದ್ದರೆ ಪೀಠದ ಮುಂದೆ ಎರಡು ವಾರ ಸಮಯ ಕೇಳುತ್ತಾರೆ, ಸಮಯ ಸಿಗುತ್ತದೆ. ಸಿವಿಲ್ ದಾವೆಗಳಲ್ಲೂ ಹೀಗೇ. ಶುಲ್ಕ ಕಡಿಮೆಯಿದ್ದರೆ ತುಂಬಲು ಗಡುವು ಕೊಡದೆ ದಾವಾಪತ್ರವನ್ನು ತಿರಸ್ಕರಿಸುವಂತಿಲ್ಲ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯೇ ಹೇಳುತ್ತದೆ. ನ್ಯಾಯ ಕೇಳಲು ಬಂದವನ ಕಾಗದಕ್ಕೆ ಸಿಗುವ ಈ ಮರ್ಯಾದೆ ಉದ್ಯೋಗ, ಸೀಟು, ಪಿಂಚಣಿ, ಭೂಮಿ ಕೇಳಲು ಬಂದವನ ಕಾಗದಕ್ಕೂ ಸಿಗಬೇಕು. ಈ ಬೇಡಿಕೆಯಲ್ಲಿ ಅತಿಯಾದದ್ದು ಏನೂ ಇಲ್ಲ.

ಕಟ್ಟುನಿಟ್ಟು ಬೇಕೆನ್ನುವವರ ವಾದ ಹಗುರವಾದದ್ದಲ್ಲ. ರಾತ್ರಿ ನಿದ್ದೆಗೆಟ್ಟು, ಸಾಲ ಮಾಡಿ, ಬಸ್ಸು ಹತ್ತಿ ಹೋಗಿ ಕೊನೆಯ ದಿನದೊಳಗೆ ಎಲ್ಲ ಕಾಗದ ಒಟ್ಟು ಮಾಡಿದವರೂ ಬಡವರೇ. ತಡವಾಗಿ ತಂದವನಿಗೆ ಸೀಟು ಕೊಟ್ಟರೆ ಹೊತ್ತಿಗೆ ಸರಿಯಾಗಿ ತಂದವನ ಸೀಟು ಹೋಗಬಹುದು. ಗಡುವೇ ಇಲ್ಲದಿದ್ದರೆ ಆಯ್ಕೆ ಮುಗಿಯುವುದೇ ಇಲ್ಲ. ಪ್ರಭಾವ ಇದ್ದವರಿಗೆ ಮಾತ್ರ ಸಡಿಲಿಕೆ ಸಿಗುವ ಅಪಾಯವಂತೂ ಇದ್ದೇ ಇದೆ. ಅಸ್ಸಾಂ ತೀರ್ಪಿನ ಕಾಳಜಿ ಇದೇ, ಅದನ್ನು ಅಲ್ಲಗಳೆಯುವಂತಿಲ್ಲ.

ಆದರೆ ಆ ತೀರ್ಪಿನೊಳಗೇ ದಾರಿಯೂ ಇದೆ. ಸಡಿಲಿಕೆಯ ಅವಕಾಶವನ್ನು ನಿಯಮದಲ್ಲೇ, ಅಧಿಸೂಚನೆಯಲ್ಲೇ ಬರೆದಿಟ್ಟರೆ ಯಾರಿಗೂ ಅನ್ಯಾಯವಾಗುವುದಿಲ್ಲ. ಎಲ್ಲರಿಗೂ ಮೊದಲೇ ಗೊತ್ತಿರುತ್ತದೆ. ಕೊನೆಯ ದಿನಕ್ಕೆ ಪದವಿ ಮುಗಿಸಿರದವನಿಗೆ, ವಯಸ್ಸು ಮೀರಿದವನಿಗೆ, ಸುಳ್ಳು ಹೇಳಿದವನಿಗೆ ಯಾವ ಸಡಿಲಿಕೆಯೂ ಬೇಡ. ಆದರೆ ಅರ್ಹತೆ ಆ ದಿನಕ್ಕೇ ಇದ್ದು ಅದನ್ನು ಹೇಳುವ ಕಾಗದದಲ್ಲಿ ಮಾತ್ರ ಕೊರತೆಯಿದ್ದರೆ, ಏನು ಕಡಿಮೆಯಾಗಿದೆ, ಯಾವ ದಿನದೊಳಗೆ, ಎಲ್ಲಿಗೆ ತಂದುಕೊಡಬೇಕು ಎಂದು ಒಂದೇ ಒಂದು ಸಲ ತಿಳಿಸಲಿ. ಕರ್ನಾಟಕ ಪರೀಕ್ಷಾ ಪ್ರಾಧಿಕಾರ ಸಿಇಟಿ ಅರ್ಜಿಗಳಲ್ಲಿ ತಿದ್ದುಪಡಿಗೆ ಅವಕಾಶ ತೆರೆಯುತ್ತದೆ. ಜಾತಿ-ಆದಾಯ ಪತ್ರದ ಆರ್‌ಡಿ ಸಂಖ್ಯೆ ಹಾಕಿದರೆ ಕಂದಾಯ ಇಲಾಖೆಯ ದತ್ತಾಂಶದಲ್ಲಿ ಪರಿಶೀಲನೆ ಆಗಿಬಿಡುತ್ತದೆ. ಲಕ್ಷಾಂತರ ಮಕ್ಕಳ ವಿಷಯದಲ್ಲಿ ಆಗುವುದು ಕೆಲವು ಸಾವಿರ ಹುದ್ದೆಗಳ ವಿಷಯದಲ್ಲಿ, ಒಂದು ತಾಲ್ಲೂಕಿನ ಪಿಂಚಣಿ ಅರ್ಜಿಗಳ ವಿಷಯದಲ್ಲಿ ಆಗದೇ ಇರಲು ಕಾರಣವಿಲ್ಲ. ಸರ್ಕಾರದ ಕಂಪ್ಯೂಟರಿನಲ್ಲೇ ಇರುವ ಮಾಹಿತಿಯನ್ನು ಜನರ ಕೈಯಿಂದ ಮತ್ತೆ ಕಾಗದದಲ್ಲಿ ಕೇಳಿ, ಆ ಕಾಗದ ಇಲ್ಲವೆಂದು ಅರ್ಜಿಯನ್ನು ಕೊಲ್ಲುವುದಂತೂ ಕೂಡಲೇ ನಿಲ್ಲಬೇಕು.

ಇಷ್ಟು ಮಾಡದಿದ್ದಾಗ ಏನಾಗುತ್ತದೆಂಬುದಕ್ಕೆ 2024ರ ಘಟನೆಯೊಂದು ಸಾಕ್ಷಿ. ಉತ್ತರ ಪ್ರದೇಶದ ಮುಜಫರ್‌ನಗರ ಜಿಲ್ಲೆಯ ದಲಿತ ವಿದ್ಯಾರ್ಥಿಯೊಬ್ಬನಿಗೆ ಧನ್‌ಬಾದ್ ಐಐಟಿಯಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಸೀಟು ಸಿಕ್ಕಿತು. ತಂದೆ ದಿನಗೂಲಿ ಕಾರ್ಮಿಕ. ಸೀಟು ಒಪ್ಪಿಕೊಳ್ಳಲು 17,500 ರೂಪಾಯಿ ಕಟ್ಟಬೇಕಿತ್ತು, ಗಡುವು ಜೂನ್ 24ರ ಸಂಜೆ 5 ಗಂಟೆ. ಹಣ ಹೊಂದಿಸಿ ಕಟ್ಟುವಷ್ಟರಲ್ಲಿ ಗಡಿಯಾರ ದಾಟಿತ್ತು. ಹುಡುಗ ಜಾರ್ಖಂಡಿನ ಕಾನೂನು ಸೇವಾ ಪ್ರಾಧಿಕಾರದ ಬಾಗಿಲು ತಟ್ಟಿದ. ಆ ವರ್ಷ ಪರೀಕ್ಷೆ ನಡೆಸಿದ್ದು ಮದ್ರಾಸ್ ಐಐಟಿಯಾದ್ದರಿಂದ ಮದ್ರಾಸ್ ಹೈಕೋರ್ಟಿಗೆ ಹೋದ, ಅಲ್ಲಿಂದ ದೆಹಲಿಗೆ. ಸೆಪ್ಟೆಂಬರ್ 30ರಂದು ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರ ಪೀಠ ಸಂವಿಧಾನದ 142ನೇ ವಿಧಿಯಡಿ ಅವನಿಗಾಗಿ ಹೆಚ್ಚುವರಿ ಸೀಟು ಸೃಷ್ಟಿಸಲು ಆದೇಶಿಸಿತು. ಯಾರ ಸೀಟನ್ನೂ ಕಿತ್ತುಕೊಳ್ಳಲಿಲ್ಲ. ಆ ಹುಡುಗನಿಗೆ ಮೂರು ರಾಜ್ಯ ಸುತ್ತುವ ಛಲವಿತ್ತು, ಪುಕ್ಕಟೆ ವಾದಿಸಲು ವಕೀಲರು ಸಿಕ್ಕರು, ಪತ್ರಿಕೆಗಳು ಬರೆದವು. ಅಂಥದ್ದೇ ಸಂಜೆ 5 ಗಂಟೆಗೆ ಸೀಟು ಕಳೆದುಕೊಂಡು ಮನೆಗೆ ಹೋಗಿ ಮಲಗಿದ ಮಕ್ಕಳ ಹೆಸರು ಯಾವ ತೀರ್ಪಿನಲ್ಲೂ ಇಲ್ಲ.

ಕೋರ್ಟಿಗೆ ಹೋಗುವವರಿಗೆ ಒಂದು ಮಾತು ಉಪಯೋಗಕ್ಕೆ ಬಂದೀತು. ಅರ್ಜಿ ತಿರಸ್ಕಾರವಾದರೆ ಬಾಯಿಮಾತಿಗೆ ಒಪ್ಪಿ ಬರಬಾರದು. ಕಾರಣ ಬರೆದ ಹಿಂಬರಹವನ್ನು ಕೇಳಿ ಪಡೆಯಬೇಕು. ಆದೇಶದಲ್ಲಿ ಬರೆದ ಕಾರಣದ ಮೇಲೆಯೇ ಆದೇಶ ನಿಲ್ಲಬೇಕು, ಆಮೇಲೆ ಅಫಿಡವಿಟ್ ಹಾಕಿ ಹೊಸ ಕಾರಣ ಜೋಡಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1977ರಲ್ಲೇ ಹೇಳಿದೆ. ಅದನ್ನು ಬರೆದವರೂ ಕೃಷ್ಣಯ್ಯರ್ ಅವರೇ. “ದಾಖಲೆ ಅಪೂರ್ಣ” ಎಂಬ ಎರಡೇ ಪದದ ಹಿಂಬರಹ ಕಾನೂನಿನ ಕಣ್ಣಿಗೆ ಬಹಳ ದುರ್ಬಲವಾದದ್ದು. ಯಾವ ದಾಖಲೆ, ಯಾವ ನಿಯಮ ಎಂದು ಅದರಲ್ಲಿ ಇಲ್ಲವೆಂದರೆ ಅದೇ ಅರ್ಜಿದಾರನ ಬಲ.

ಕರ್ನಾಟಕದಲ್ಲಿ ಈ ಎರಡು ಪದಗಳ ಪೆಟ್ಟು ಅತಿ ಹೆಚ್ಚು ಬಿದ್ದಿರುವುದು ಬಹುಶಃ ಕಾಡಿನ ಅಂಚಿನಲ್ಲಿ ಬದುಕುವವರ ಮೇಲೆ. 2006ರ ಅರಣ್ಯ ಹಕ್ಕು ಕಾಯ್ದೆಯಡಿ ಸಲ್ಲಿಸಿದ ಅರ್ಜಿಗಳ ವಿಷಯ 2019ರ ಫೆಬ್ರುವರಿ 13ರಂದು ಸುಪ್ರೀಂ ಕೋರ್ಟಿನ ಮುಂದಿದ್ದಾಗ ಕರ್ನಾಟಕದ ಲೆಕ್ಕ ಹೀಗಿತ್ತು: ಪರಿಶಿಷ್ಟ ಪಂಗಡದವರ 35,521 ಮತ್ತು ಇತರ ಪಾರಂಪರಿಕ ಅರಣ್ಯವಾಸಿಗಳ 1,41,019 ಅರ್ಜಿಗಳು ತಿರಸ್ಕೃತ. ಒಟ್ಟು 1,76,540. ತಿರಸ್ಕೃತರನ್ನು ಒಕ್ಕಲೆಬ್ಬಿಸಿ ಎಂದು ಅಂದು ಬಂದ ಆದೇಶಕ್ಕೆ ದೇಶದಾದ್ಯಂತ ಕೂಗೆದ್ದ ಮೇಲೆ ಫೆಬ್ರುವರಿ 28ರಂದು ನ್ಯಾಯಾಲಯವೇ ತಡೆ ಕೊಟ್ಟಿತು. ತಿರಸ್ಕರಿಸುವಾಗ ಕಾನೂನಿನ ಕ್ರಮ ಪಾಲಿಸಿದ್ದೀರಾ ಎಂದು ರಾಜ್ಯಗಳನ್ನು ಕೇಳಿತು.

ಕೇಳಬೇಕಾದ ಪ್ರಶ್ನೆಯೇ ಅದು. ಏಕೆಂದರೆ ಈ ಕಾಯ್ದೆಯಷ್ಟು ಸ್ಪಷ್ಟವಾಗಿ ಕಾಗದದ ಹಂಗು ಬೇಡವೆಂದ ಕಾನೂನು ನಮ್ಮಲ್ಲಿ ಮತ್ತೊಂದಿಲ್ಲ. ಅರ್ಜಿದಾರನಿಗೆ ಹೇಳಿಕೊಳ್ಳಲು ಅವಕಾಶ ಕೊಡದೆ ಅವನ ವಿರುದ್ಧ ಮೇಲ್ಮನವಿಯನ್ನು ತೀರ್ಮಾನಿಸುವಂತಿಲ್ಲ. ಗ್ರಾಮಸಭೆಯ ಶಿಫಾರಸು ಅಪೂರ್ಣವೆನಿಸಿದರೆ ಉಪವಿಭಾಗ ಮಟ್ಟದ ಸಮಿತಿ ಅದನ್ನು ತಿರಸ್ಕರಿಸದೆ ಗ್ರಾಮಸಭೆಗೇ ವಾಪಸ್ ಕಳಿಸಬೇಕು. ಇಂಥದ್ದೇ ದಾಖಲೆ ಬೇಕೆಂದು ಹಟ ಹಿಡಿಯುವಂತಿಲ್ಲ. ಅರಣ್ಯ ಇಲಾಖೆಯ ದಂಡದ ರಸೀದಿ ಇಲ್ಲ, ಅತಿಕ್ರಮಣದಾರರ ಪಟ್ಟಿಯಲ್ಲಿ ಹೆಸರಿಲ್ಲ ಎಂಬುದಷ್ಟೇ ತಿರಸ್ಕಾರಕ್ಕೆ ಕಾರಣವಾಗಕೂಡದು. ಉಪಗ್ರಹ ಚಿತ್ರ ಇತರ ಪುರಾವೆಯ ಜಾಗಕ್ಕೆ ಬರುವಂತಿಲ್ಲ. 2012ರ ತಿದ್ದುಪಡಿ ನಿಯಮಗಳಲ್ಲಿ ಇದೆಲ್ಲ ಅಚ್ಚಾಗಿದೆ.

ಪಾರಂಪರಿಕ ಅರಣ್ಯವಾಸಿಗಳು 2005ರ ಡಿಸೆಂಬರ್ 13ಕ್ಕೆ ಮುಂಚಿನ ಮೂರು ತಲೆಮಾರು, ಅಂದರೆ 75 ವರ್ಷ, ಕಾಡಿನಲ್ಲಿ ನೆಲೆಸಿ ಅದನ್ನೇ ನೆಚ್ಚಿದ್ದವರೆಂದು ತೋರಿಸಬೇಕು. ನೆಲೆಸಿದ್ದಕ್ಕೆ ಪುರಾವೆ ಕೇಳುತ್ತದೆ ಕಾನೂನು. ಸಾಗುವಳಿಯ ತುಂಡಿಗೇ 75 ವರ್ಷದ ಕಾಗದ ತನ್ನಿ ಎಂದು ಅದರಲ್ಲಿ ಎಲ್ಲೂ ಇಲ್ಲ. ಆದರೆ ಬಹುಪಾಲು ಅರಣ್ಯವೇ ಆಗಿರುವ ಉತ್ತರ ಕನ್ನಡದಲ್ಲಿ ಹೋರಾಟಗಾರರು ವರ್ಷಗಳಿಂದ ದೂರುತ್ತಿರುವುದು ಅದನ್ನೇ: ಕೇಳಬಾರದ ಕಾಗದ ಕೇಳುತ್ತಾರೆ, ಇಲ್ಲವೆಂದರೆ ತಿರಸ್ಕರಿಸುತ್ತಾರೆ. ಜಿಲ್ಲಾಧಿಕಾರಿ ಅಧ್ಯಕ್ಷತೆಯ ಜಿಲ್ಲಾ ಸಮಿತಿಯ ತೀರ್ಮಾನವೇ ಅಂತಿಮ. ಅದರಾಚೆ ಉಳಿದಿರುವುದು ಹೈಕೋರ್ಟು, ಆ ಜಿಲ್ಲೆಯವರಿಗೆ ಧಾರವಾಡ ಪೀಠ. ಭಟ್ಕಳದ ಬೆಟ್ಟದ ಬುಡದಿಂದ ಧಾರವಾಡಕ್ಕೆ ಹೋಗಿ ಬರಲು ಒಂದು ದಿನದ ಕೂಲಿ ಸಾಲದು, ವಕೀಲರ ಶುಲ್ಕದ ಮಾತು ಆಮೇಲಿನದು. ಈ ಒಂದೂ ಮುಕ್ಕಾಲು ಲಕ್ಷದಲ್ಲಿ ನಿಜವಾಗಿ ಅನರ್ಹರೂ ಇರಬಹುದು. ಆದರೆ ಅರ್ಹ ಯಾರು, ಅನರ್ಹ ಯಾರು ಎಂದು ತಿಳಿಯುವುದು ಊರಿಗೆ ಹೋಗಿ ಕೂತು ಕೇಳಿದಾಗ. ಕಡತದಲ್ಲಿ ಹಾಳೆ ಎಣಿಸಿದರೆ ಅದು ತಿಳಿಯುವುದಿಲ್ಲ.

ಹಾಗೆ ಕೇಳಲು ಕಾನೂನು ಒಂದು ಪುರಾವೆಯನ್ನು ವಿಶೇಷವಾಗಿ ಹೆಸರಿಸಿದೆ: ಅರ್ಜಿದಾರರಲ್ಲದ ಊರಿನ ಹಿರಿಯರ ಹೇಳಿಕೆ, ಬರೆದುಕೊಂಡದ್ದು. ಮತದಾರರ ಪಟ್ಟಿ, ಪಡಿತರ ಚೀಟಿ, ಹಳೆಯ ಮನೆಯ ತಳಪಾಯ, ಬಾವಿ, ಹಿರಿಯರ ಗೋರಿ ಎಲ್ಲದರ ಜೊತೆಗೆ ಆ ಮಾತಿಗೂ ದಾಖಲೆಯ ಬೆಲೆಯಿದೆ. ಆದರೆ 2005ರಿಂದ 75 ವರ್ಷ ಹಿಂದೆ ಎಣಿಸಿದರೆ 1930 ಬರುತ್ತದೆ. ಅಂದಿನ ಊರನ್ನು ಐದು ವರ್ಷದ ಮಗುವಾಗಿ ಕಂಡವರಿಗೂ ಈಗ ನೂರು ದಾಟಿದೆ. ಇನ್ನು ಅವರ ಬಾಯಿಂದ ಕೇಳಿ ಬೆಳೆದವರು ಉಳಿದಿದ್ದಾರೆ, ಎಂಬತ್ತು ತೊಂಬತ್ತರ ಅಜ್ಜ ಅಜ್ಜಿಯರು. ಮರುಪರಿಶೀಲನೆಗೆ ವಾಪಸ್ ಬಂದ ಕಡತವನ್ನು ಬಿಚ್ಚುವ ಸಮಿತಿಯವರು ಮೊದಲು ಹೋಗಬೇಕಾದದ್ದು ಅವರ ಜಗಲಿಗೆ, ಈ ಮಳೆಗಾಲಕ್ಕೆ ಮುಂಚೆಯೇ.